ಮುತ್ಯಾನ ಮೂಗು

ಗೋಕಾಕ ಜಲಪಾತದ ಎದುರಿನ ಬಂಡೆಯ ಮೇಲೆ ಮಡಚುವ ಕುರ್ಚಿಯೊಂದನ್ನು ಹಾಕಿಕೊಂಡು, ಮುಖವನ್ನು ತುಸು ಎಡಕ್ಕೆ ತಿರುಗಿಸಿ, ತನ್ನದೇ ಕ್ಯಾಮೆರಾದ ಮುಂದೆ ಅಲ್ಲಾಡದೆ ಕುಳಿತಿದ್ದ ನೇತ್ರಾಗೆ, ತಾನು ಮಾಡುತ್ತಿರುವುದು ಸಿನಿಮಾವೋ ಹುಚ್ಚಾಟವೋ ಎಂಬ ಅನುಮಾನ ಬೆಳಗಿನಿಂದ ಬಿಟ್ಟಿರಲಿಲ್ಲ. ಹೊಳೆ ತುಂಬಿ ಬಂದಿತ್ತು. ಕೆಂಪು ನೀರು ಕೆಳಗೆ ಬಿದ್ದು ಮೇಲೆದ್ದ ತುಂತುರು ಲೆನ್ಸಿನ ಮೇಲೆ ಕೂರುತ್ತಿತ್ತು. ಅವಳು ಎದ್ದು ಹೋಗಿ ಒರೆಸಿ ಮತ್ತೆ ಬಂದು ಕೂರುತ್ತಿದ್ದಳು. ಇದೇ ಬಂಡೆಯ ಮೇಲೆ ಬ್ರಿಟಿಷರ ಕಾಲದಲ್ಲಿ, ಕಾಲುವೆಯ ಅಳತೆಗೆಂದು ಬಂದ ಸಾಹೇಬನೊಬ್ಬ ಊರಿನ ನಾಲ್ಕು ಜನರ ಜೊತೆ ಫೋಟೋ ತೆಗೆಸಿಕೊಂಡಿದ್ದ. ಆ ಫೋಟೋವನ್ನು ಅವಳು ಈಚೆಗಷ್ಟೇ ಹೊರದೇಶದ ಗ್ರಂಥಾಲಯವೊಂದರ ಜಾಲತಾಣದಲ್ಲಿ ಹುಡುಕಿ ತೆಗೆದಿದ್ದಳು. ಕೆಳಗೆ ಸಾಹೇಬನ ಹೆಸರಿತ್ತು, ಉಳಿದವರೆಲ್ಲ ಬರೀ 'ಸ್ಥಳೀಯರು' ಆಗಿದ್ದರು. ಸಾಹೇಬನ ಪಕ್ಕದ ಕುರ್ಚಿಯಲ್ಲಿ ಕೋಟು ತೊಟ್ಟು, ಬೂಟು ಹಾಕಿ, ಮೊನಚು ಮೂಗನ್ನು ಎಡಕ್ಕೆ ತಿರುಗಿಸಿ ಕುಳಿತವನು ಮಾತ್ರ ಅವಳಿಗೆ ಸ್ಥಳೀಯನಲ್ಲ. ಅವನು ಅವಳ ಮುತ್ಯಾ, ಅಂದರೆ ಅಜ್ಜನ ಅಪ್ಪ, ಬಸವಣ್ಣೆಪ್ಪ. ಅವನ ಜಾಗದಲ್ಲಿ ಅವನಂತೆಯೇ ಕುಳಿತು, ಸಾಹೇಬನ ಕಣ್ಣನ್ನು ತಿರುಗಿ ನೋಡುವುದು ಅವಳ ಚಿತ್ರದ ಮುಖ್ಯ ದೃಶ್ಯ. ಅದಕ್ಕೆ ಪ್ರವಾಸಿಗಳು ಬಿಡಬೇಕಲ್ಲ. ನಿಪ್ಪಾಣಿ ಕಡೆಯಿಂದ ಬಂದಿದ್ದ ಹೆಂಗಸೊಬ್ಬಳು ಬಹಳ ಹೊತ್ತು ನೋಡಿ, ಯಾವ ಹಾಡಿಗೆ ಕುಣಿಯುತ್ತೀ ಎಂದು ಪ್ರೀತಿಯಿಂದಲೇ ಕೇಳಿದಳು. ಕುಣಿಯುವುದಿಲ್ಲ, ಸುಮ್ಮನೆ ಕೂರುತ್ತೇನೆ ಎಂದಾಗ ಅವಳಿಗೆ ನೇತ್ರಾಳ ಬಗ್ಗೆ ಮರುಕ ಹುಟ್ಟಿತೆಂದು ಕಾಣುತ್ತದೆ, ಕೈಯಲ್ಲಿದ್ದ ಮೆಕ್ಕೆತೆನೆಯಲ್ಲಿ ಅರ್ಧ ಮುರಿದು ಕೊಟ್ಟುಹೋದಳು. ನೇತ್ರಾ ಅದನ್ನು ತಿಂದಳು.

ಅವಳ ಚಿತ್ರಗಳನ್ನು ಮನೆಯವರಲ್ಲಿ ಪೂರ್ತಿ ನೋಡಿದವನೆಂದರೆ ಬಸವಲಿಂಗ ಕಾಕಾ ಒಬ್ಬನೇ. ಅವನು ಅಪ್ಪನ ತಮ್ಮ, ಮೂಡಲಗಿಯಲ್ಲಿ ಬೆಲ್ಲದ ವ್ಯಾಪಾರಿ. ಹಿಂದಿನ ಚಿತ್ರವನ್ನು ಮೊಬೈಲಿನಲ್ಲಿ ಹಾಕಿಕೊಂಡು, ಯಾವಾಗ ಸುರುವಾಗುತ್ತದೆ ಎಂದು ಕಾಯುತ್ತ ಕುಳಿತವನು, ಮುಗಿದೇ ಹೋಯಿತಲ್ಲ ಎಂದು ಫೋನು ಮಾಡಿ ವಿಚಾರಿಸಿದ್ದ. ಹಾಗೆಂದು ಅಭಿಮಾನ ಕಡಿಮೆಯೇನಲ್ಲ. ಬಂದವರಿಗೆಲ್ಲ ಅವಳನ್ನು ತೋರಿಸಿ, ನಮ್ಮ ಮುತ್ಯಾನ ಮೂಗು ನೋಡಿರಿ ಎನ್ನುತ್ತಿದ್ದ. ಆ ಮಾತಿಗೆ ಅವಳು ಹೊರಗೆ ನಾಚಿದಂತೆ ಮಾಡಿ ಒಳಗೇ ಅದನ್ನು ಗಂಟು ಕಟ್ಟಿ ಇಟ್ಟುಕೊಳ್ಳುತ್ತಿದ್ದಳು, ಏಕೆಂದರೆ ಅವಳು ಆ ಮನೆಯಲ್ಲಿ ಹುಟ್ಟಿದವಳಲ್ಲ. ಮಕ್ಕಳಾಗದ ಅವ್ವ ಅಪ್ಪ ಹುಕ್ಕೇರಿ ಕಡೆಯಿಂದ ತಂದ ಕೂಸು. ಇದನ್ನು ಮನೆಯವರು ಬಚ್ಚಿಟ್ಟಿರಲೂ ಇಲ್ಲ, ಆಡಿ ತೋರಿಸಿರಲೂ ಇಲ್ಲ. ಅವ್ವ ಹೇಳುತ್ತಿದ್ದ ಪ್ರಕಾರ, ಕೂಸನ್ನು ತಂದ ದಿನ ಮೂಡಲಗಿಯ ಮನೆಯಲ್ಲಿ ಯಾರೂ ಕೈಚಾಚಿ ಎತ್ತಿಕೊಂಡಿರಲಿಲ್ಲ; ಯಾರದೋ ಏನೋ ಎಂಬ ಗುಸುಗುಸು ಅಡುಗೆಮನೆಯಿಂದ ಪಡಸಾಲೆಯವರೆಗೂ ಇತ್ತು. ಆಗ ಆಯಿ, ಅಂದರೆ ಅಪ್ಪನ ತಾಯಿ ಚನ್ನವ್ವ, ಕೂಸಿನ ಮುಖ ನೋಡಿ, ಗೋಡೆಯ ಮೇಲಿನ ಮುತ್ಯಾನ ಫೋಟೋ ನೋಡಿ, ಮತ್ತೆ ಕೂಸಿನ ಮುಖ ನೋಡಿ, ಇದಕ್ಕೆ ನಮ್ಮ ಮಾವನವರ ಮೂಗು ಬಂದಿದೆ ಎಂದಳಂತೆ. ಅಷ್ಟೇ. ಅಲ್ಲಿಂದ ಮುಂದೆ ಕೂಸು ಒಬ್ಬರ ಕೈಯಿಂದ ಒಬ್ಬರ ಕೈಗೆ ಹೋಯಿತು. ಬೇರೆಯವರಿಗೆ ಹೆಸರು, ರಕ್ತ, ಹೊಲದ ಪಾಲು ಇರುತ್ತವೆ. ನೇತ್ರಾಗೆ ಇದ್ದದ್ದು ಒಂದು ಮೂಗು. ರಕ್ತದಿಂದ ಮೊಮ್ಮಗಳಾದ ಕಾಕಾನ ಮಗಳು ಐಶ್ವರ್ಯಾಳದು ಅವಳಪ್ಪನ ಹಾಗೆಯೇ ಚಪ್ಪಟೆ ಮೂಗು. ಅವಳು ಚಿಕ್ಕಂದಿನಲ್ಲಿ ಬಟ್ಟೆಗೆ ಹಾಕುವ ಕ್ಲಿಪ್ಪನ್ನು ಮೂಗಿಗೆ ಸಿಕ್ಕಿಸಿಕೊಂಡು ಓದಲು ಕೂರುತ್ತಿದ್ದುದನ್ನು ನೋಡಿದಾಗೆಲ್ಲ ನೇತ್ರಾಗೆ ಪಾಪ ಅನ್ನಿಸುತ್ತಿತ್ತು, ಖುಷಿಯೂ ಆಗುತ್ತಿತ್ತು.

ಮೂಡಲಗಿ ಬಸ್ಸಿನಲ್ಲಿ ಕಿಟಕಿಯ ಪಕ್ಕ ಜಾಗ ಸಿಕ್ಕಿತು. ಕುರ್ಚಿಯನ್ನು ಕಾಲಡಿ ಸೇರಿಸಿ, ಕ್ಯಾಮೆರಾ ಚೀಲವನ್ನು ತೊಡೆಯ ಮೇಲಿಟ್ಟುಕೊಂಡು, ಅಭ್ಯಾಸದಂತೆ ಎದುರು ಸೀಟಿನವರ ಮೂಗು ನೋಡಿದಳು. ಇದೊಂದು ಚಾಳಿ. ಹುಕ್ಕೇರಿ ಬಸ್ ಸ್ಟ್ಯಾಂಡಿನಲ್ಲಂತೂ ಅವಳು ಸುಮ್ಮನೆ ಚಹಾ ಕುಡಿದವಳೇ ಅಲ್ಲ. ದಡ್ಡಿಗೆ ಹೋಗುವ ಬಸ್ಸು, ಕಣಗಲಾಕ್ಕೆ ಹೋಗುವ ಬಸ್ಸು, ಹತ್ತುವವರು ಇಳಿಯುವವರು ಎಲ್ಲರ ಮುಖದ ನಡುಭಾಗವನ್ನು ದಿಟ್ಟಿಸಿ, ಒಮ್ಮೆ ಒಬ್ಬ ಮುದುಕನಿಂದ ಬೈಸಿಕೊಂಡಿದ್ದಳು ಕೂಡ. ತನ್ನದೇ ಮೂಗು ಎಲ್ಲಾದರೂ ಎದುರಾದರೆ ಏನು ಮಾಡಬೇಕೆಂದು ಅವಳು ಯೋಚಿಸಿರಲಿಲ್ಲ. ಎದುರಾಗಲಿಲ್ಲವಲ್ಲ ಎಂಬ ಸಮಾಧಾನದಲ್ಲಿ ಚಹಾದ ಕಪ್ಪು ಕೆಳಗಿಟ್ಟು ಬರುತ್ತಿದ್ದಳು. ಮುತ್ಯಾನ ಮೂಗು ಎನ್ನುವುದು ನಿಜವೆಂದು ಅವಳು ನಂಬಿದ್ದಳೇ? ನಂಬಿರಲಿಲ್ಲ. ನಂಬದೆಯೂ ಇರಲಿಲ್ಲ. ಯಾವುದೋ ಹಳೆಯ ಬಳ್ಳಿ, ಯಾವುದೋ ಮರೆತುಹೋದ ಸಂಬಂಧ, ಹುಕ್ಕೇರಿಗೆ ಕೊಟ್ಟ ಯಾವುದೋ ಹೆಣ್ಣು ಎಂದು ಏನೇನೋ ಹೊಸೆದು, ಕೊನೆಗೆ ಆ ಹೊಸೆತವನ್ನೇ ಸಿನಿಮಾ ಮಾಡಲು ಹೊರಟಿದ್ದಳು. ಚಿತ್ರಕ್ಕೆ ಹಣ ಕೇಳಿ ಹಾಕಿದ ಅರ್ಜಿಯಲ್ಲಿ ಮಾತ್ರ ನೆನಪು, ಗುರುತು, ವಸಾಹತುಶಾಹಿಯ ಕಣ್ಣು ಎಂದೆಲ್ಲ ಬರೆದಿದ್ದಳು. ಅವೂ ಸುಳ್ಳಲ್ಲ. ಫೋಟೋದಲ್ಲಿ ಸಾಹೇಬನ ಹಿಂದೆ ನಿಂತು, ಅವನ ತಲೆಯ ಮೇಲೆ ಛತ್ರಿ ಹಿಡಿದ ಬರಿಗಾಲಿನ ಆಳೊಬ್ಬನಿದ್ದ. ಅವನ ಕುರಿತು ಹಿನ್ನೆಲೆ ಧ್ವನಿಗೆ ಬಹಳ ಮನಸ್ಸಿಟ್ಟು ಬರೆದಿದ್ದಳು: ಹೆಸರಿಲ್ಲದವನೇ, ನಿನ್ನ ಮೊಮ್ಮಕ್ಕಳು ಎಲ್ಲಿದ್ದಾರೆ, ನಿನ್ನನ್ನು ಯಾರು ನೆನೆಯುತ್ತಾರೆ. ಗೋಕಾಕದ ಮನೆಯಲ್ಲಿ ಅದನ್ನು ಓದಿ ಹೇಳಿದಾಗ ಅವ್ವನ ಕಣ್ಣು ಒದ್ದೆಯಾಗಿತ್ತು. ತನ್ನ ಕಣ್ಣೂ ಒದ್ದೆಯಾದದ್ದನ್ನು ನೆನೆದು ನೇತ್ರಾಗೆ ಈಗ ಸ್ವಲ್ಪ ಮುಜುಗರವಾಯಿತು, ಅಷ್ಟು ಚೆನ್ನಾಗಿ ಬರೆಯಬಾರದಿತ್ತೇನೋ ಎಂದುಕೊಂಡಳು.

ಮನೆ ತಲುಪಿದಾಗ ಕಾಕಾ ಬಾಗಿಲಲ್ಲೇ ಚಪ್ಪಲಿ ಮೆಟ್ಟುತ್ತಿದ್ದ. ಅವನೀಗ ಊರ ಹೊರಗೆ ಮಂಗಲ ಕಾರ್ಯಾಲಯ ಕಟ್ಟಿಸುತ್ತಿದ್ದಾನೆ. ಮೂಡಲಗಿ ತಾಲೂಕು ಆದ ಮೇಲೆ ಮದುವೆಗಳೂ ದೊಡ್ಡವಾಗಿವೆ ಎಂಬುದು ಅವನ ಲೆಕ್ಕ. ಅದಕ್ಕೆ ಮುತ್ಯಾನ ಹೆಸರಿಟ್ಟು, ಹೆಬ್ಬಾಗಿಲಲ್ಲೇ ಆಳೆತ್ತರದ ಫೋಟೋ ಹಾಕುವವನಿದ್ದ. ಮನೆಯಲ್ಲಿರುವುದು ಎದೆಯವರೆಗಿನ ಚಿತ್ರ, ಅದೂ ಗೋಕಾಕದ ಸ್ಟುಡಿಯೋದವನು ಮೂಲ ಫೋಟೋದಿಂದ ಒಬ್ಬನನ್ನೇ ಕತ್ತರಿಸಿ, ಹಣೆಗೆ ವಿಭೂತಿ ಬರೆದು, ತುಟಿಗೆ ಇಷ್ಟು ಕೆಂಪು ಹಚ್ಚಿ ದೊಡ್ಡದು ಮಾಡಿಕೊಟ್ಟದ್ದು. ಮೂಲ ಫೋಟೋ ಸ್ಟುಡಿಯೋದಿಂದ ವಾಪಸು ಬರಲೇ ಇಲ್ಲ. ಈಗ ನೇತ್ರಾ ತಂದಿದ್ದರಲ್ಲಿ ಮುತ್ಯಾ ಕುರ್ಚಿ ಸಮೇತ, ಬೂಟು ಸಮೇತ ಸಿಕ್ಕಿದ್ದು ಕಾಕಾನಿಗೆ ಹಬ್ಬವಾಗಿತ್ತು. ಸಾಹೇಬನ ಸರಿಸಮ ಕುಳಿತವರು ಈ ಭಾಗದಲ್ಲಿ ಎಷ್ಟು ಜನರಿದ್ದಾರು ಎಂದು ಎರಡು ಸಲ ಹೇಳಿದ. ಕಟ್ಟಡದ ಕಡೆ ಹೋಗಿಬರುತ್ತೇನೆ, ಅಷ್ಟರಲ್ಲಿ ಆಯಿಗೂ ಒಮ್ಮೆ ತೋರಿಸಿಟ್ಟಿರು, ಮುತ್ಯಾನನ್ನು ಕಣ್ಣಾರೆ ಕಂಡವಳು ಈಗ ಅವಳೊಬ್ಬಳೇ ಎಂದು ಹೊರಟುಹೋದ.

ಆಯಿ ಪಡಸಾಲೆಯಲ್ಲಿ, ಫೋಟೋ ತೂಗಿದ ಗೋಡೆಯ ಕೆಳಗೇ ಕುಳಿತು ಶೇಂಗಾ ಸುಲಿಯುತ್ತಿದ್ದಳು. ತೊಂಬತ್ತರ ಹತ್ತಿರವಾಗಿದ್ದರೂ ಬೆರಳು ಚುರುಕು. ನೇತ್ರಾ ಗೋಕಾಕದಿಂದ ತಂದ ಸಿಹಿ ಕರದಂಟನ್ನು ಒಂದು ಚೂರು ಬಾಯಿಗೆ ಹಾಕಿಕೊಂಡು ಒಂದು ಗಲ್ಲದಲ್ಲಿ ಒತ್ತಿಟ್ಟಳು. ಸಂಜೆಯ ತನಕ ಅದು ಅಲ್ಲೇ ಕರಗುತ್ತದೆ. ನೇತ್ರಾ ಕ್ಯಾಮೆರಾ ನಿಲ್ಲಿಸಿ, ಲ್ಯಾಪ್‌ಟಾಪನ್ನು ಮರದ ಪೆಟ್ಟಿಗೆಯ ಮೇಲಿಟ್ಟು ಫೋಟೋ ತೆರೆದಳು. ಕುರ್ಚಿಯ ಮೇಲಿನ ಮುಖವನ್ನು ಪರದೆಯ ತುಂಬ ದೊಡ್ಡದು ಮಾಡಿ, ಇವರನ್ನು ನೋಡಿ ಏನನ್ನಿಸುತ್ತದೆ ಹೇಳು ಎಂದು, ಚಿತ್ರಕ್ಕೆ ಬೇಕಾದ ಮೆಲುದನಿಯಲ್ಲಿ ಕೇಳಿದಳು. ಆಯಿ ಕನ್ನಡಕ ಏರಿಸಿ ನೋಡಿ, ಏನೂ ಅನ್ನಿಸಲಿಲ್ಲವೆಂಬಂತೆ ಶೇಂಗಾದ ಸಿಪ್ಪೆ ಊದಿದಳು. ಆಮೇಲೆ, ಇದು ಗೋಡೆಯ ಮೇಲಿನದೇ ಅಲ್ಲವೇ, ಉಳಿದವರನ್ನು ತೋರಿಸು ಎಂದಳು. ನೇತ್ರಾ ಇಡೀ ಫೋಟೋ ತೋರಿಸಿದಳು. ಆಯಿ ಪರದೆಗೆ ಮೂಗು ತಾಗುವಷ್ಟು ಬಾಗಿದಳು.

"ಮಾರಿ ಬ್ಯಾಡ, ಕೆಳಗ ಒಯ್ಯಿ. ಕಾಲ ತೋರ್ಸ."

ಇಷ್ಟು ದಿನ ನೇತ್ರಾ ಆ ಫೋಟೋದ ಮುಖಗಳನ್ನು ಹಿಗ್ಗಿಸಿ, ಹಿಂಜಿ, ಕಬ್ಬಿನ ಎಲೆಯ ಮೇಲೆ, ಬಿಳಿ ಗೋಡೆಯ ಮೇಲೆ, ತನ್ನ ಅಂಗೈ ಮೇಲೆ ಪ್ರೊಜೆಕ್ಟರಿನಿಂದ ಬಿಟ್ಟು ನೋಡಿದ್ದಳು. ಕಾಲುಗಳ ಕಡೆ ಅವಳ ಗಮನ ಹೋಗಿರಲಿಲ್ಲ. ಕೆಳಗೆ ಸರಿಸಿದಳು. ಸಾಹೇಬನ ಬೂಟು, ಕುರ್ಚಿಯವನ ಬೂಟು, ಆಮೇಲೆ ಛತ್ರಿಯವನ ಬರಿಗಾಲು. ಬಲಗಾಲಿನ ಎರಡನೆಯ ಬೆರಳು ಹೆಬ್ಬೆರಳ ಮೇಲೆ ಹತ್ತಿ ಕುಳಿತಿತ್ತು. ಆಯಿ ತಟ್ಟನೆ ಸೆರಗನ್ನು ತಲೆಯ ಮೇಲೆ ಎಳೆದುಕೊಂಡಳು.

"ಇವರ ನೋಡ ನಮ್ಮ ಮಾವನಾರು."

ಅವನು ಛತ್ರಿ ಹಿಡಿದ ಆಳು, ಮುತ್ಯಾ ಕುರ್ಚಿಯ ಮೇಲಿದ್ದಾರೆ ಎಂದು ನೇತ್ರಾ ತಿದ್ದಿದಳು. ಆಯಿ ಕೇಳಲಿಲ್ಲ. ಮಾವ ಹುಟ್ಟಿ ಸಾಯುವ ತನಕ ಬೂಟು ಕಂಡವನಲ್ಲ. ಸೊಸೆಯಾದವಳು ಮಾವನ ಮುಖ ನೋಡುವ ಕಾಲವೇ ಅಲ್ಲ ಅದು. ಅವನು ಪಡಸಾಲೆಗೆ ಬಂದರೆ ಇವಳು ಒಳಗೆ, ಎದುರಾದರೆ ಸೆರಗು ಮೂಗಿನ ತನಕ. ಆದರೆ ದಿನಾ ಬೆಳಿಗ್ಗೆ ಎದ್ದು ಆ ಕಾಲಿಗೆ ಹಣೆ ಹಚ್ಚುತ್ತಿದ್ದಳು. ಮುಖವನ್ನು ಕಣ್ತುಂಬ ನೋಡಿದ್ದು ಅವನು ತೀರಿಕೊಂಡ ದಿನ, ವಿಭೂತಿ ಹಚ್ಚಿ ಗೋಡೆಗೆ ಆನಿಸಿ ಕುಳ್ಳಿರಿಸಿದಾಗ. ಇದೇ ಗೋಡೆಗೆ. ದುಂಡು ಮುಖ, ಒತ್ತಿ ಹಚ್ಚಿದಂಥ ಮೂಗು.

ಹಾಗಾದರೆ ಗೋಡೆಯ ಮೇಲೆ ಇವನು ಹೇಗೆ ಬಂದ? ಆಯಿಗೆ ಅದನ್ನು ಹೇಳುವಾಗ ನಗು ತಡೆಯಲಾಗಲಿಲ್ಲ. ಮಾವ ತೀರಿಕೊಂಡ ವರ್ಷ ಮಕ್ಕಳು ಅಪ್ಪನದೊಂದು ಫೋಟೋ ಬೇಕೆಂದು ಸ್ಟುಡಿಯೋದವನನ್ನು ಮನೆಗೇ ಕರೆಸಿದ್ದರು. ಮನೆಯಲ್ಲಿದ್ದದ್ದು ಸಾಹೇಬನ ಜೊತೆಗಿನ ಈ ಫೋಟೋ ಒಂದೇ. ಅದರಲ್ಲಿ ಊರವರೆಲ್ಲರ ತಲೆಗೂ ಪಟಗ, ಎಲ್ಲರಿಗೂ ಮೀಸೆ, ಹರೆಯದ ಅಪ್ಪನನ್ನು ಮಕ್ಕಳು ಕಂಡದ್ದೆಲ್ಲಿ? ಅತ್ತೆಯನ್ನು ಕರೆದು, ಇದರಲ್ಲಿ ನಿನ್ನ ಮನೆಯವರು ಯಾರು ತೋರಿಸು ಎಂದರು. ಅಲ್ಲೇ ಕಟ್ಟೆಯ ಮೇಲೆ ಮಾವನ ಅಣ್ಣ ಕುಳಿತಿದ್ದ. ಗಂಡನ ಹೆಸರು ಬಾಯಲ್ಲಿ ಆಡದ ಹೆಂಗಸು ಭಾವನ ಎದುರು, ಹೊರಗಿನ ಗಂಡಸಿನ ಎದುರು, ಇವನೇ ನನ್ನ ಗಂಡ ಎಂದು ಬೆರಳು ಮಾಡಿ ತೋರಿಸುವುದೇ? ಭಾವನಿಗೆ ಎರಡೂ ಕಣ್ಣಿಗೆ ಪೊರೆ ಬಂದು ಏನೂ ಕಾಣುತ್ತಿರಲಿಲ್ಲ, ಆ ಮಾತು ಬೇರೆ. ಅತ್ತೆ ಸೆರಗನ್ನು ಬಾಯಿಗೆ ಒತ್ತಿಕೊಂಡು, ಮುಖ ಅತ್ತ ತಿರುಗಿಸಿ, ಬೆರಳನ್ನು ಫೋಟೋದ ಮೇಲೆ ಸುಮ್ಮನೆ ತಾಗಿಸಿ ಒಳಗೆ ಓಡಿದಳು. ಬೆರಳು ಬಿದ್ದದ್ದು ಕುರ್ಚಿಯವನ ಮೇಲೆ. ಕುರ್ಚಿ, ಕೋಟು ಎಲ್ಲ ಕಂಡು ಮಕ್ಕಳಿಗೂ ಬೇರೆ ಸಾಕ್ಷಿ ಬೇಕೆನ್ನಿಸಲಿಲ್ಲ. ಕಟ್ಟು ಹಾಕಿಸಿ, ಮಾಲೆ ಹಾಕಿ, ಐನಾರು ಬಂದು ಪೂಜೆಯಾದ ಮೇಲೆ ಅತ್ತೆ ಮೊದಲ ಸಲ ತಲೆಯೆತ್ತಿ ನೋಡಿ, ಅಡುಗೆಮನೆಗೆ ಹೋಗಿ ಹಿಟ್ಟಿನ ಡಬ್ಬಿಯ ಹಿಂದೆ ಕುಳಿತು ಸದ್ದಿಲ್ಲದೆ ನಕ್ಕಳು. ಸೊಸೆಯನ್ನು ಕರೆದು ಕಿವಿಯಲ್ಲಿ ಹೇಳಿ ಅವಳನ್ನೂ ನಗಿಸಿದಳು. ಹೊರಗೆ ಹೇಳಿದರೆ ಗಂಡಸರ ಮರ್ಯಾದೆ, ಪೂಜೆಯ ಮರ್ಯಾದೆ ಹೋಗುತ್ತದೆ. ಇರಲಿ ಬಿಡು, ಇವನೂ ಯಾವುದೋ ತಾಯಿಯ ಮಗ ಎಂದುಬಿಟ್ಟಳು.

ನೇತ್ರಾಗೂ ನಗು ಬಂತು, ಅರ್ಧಕ್ಕೆ ನಿಂತಿತು. ಸಾಹೇಬ ಹೆಸರು ಬರೆಯಲಿಲ್ಲವೆಂದು ಅವಳು ಒಂದು ಇಡೀ ಚಿತ್ರದಷ್ಟು ಸಿಟ್ಟಾಗಿದ್ದಳು. ಇಲ್ಲಿ ನೋಡಿದರೆ ಕಟ್ಟಿಕೊಂಡ ಹೆಂಡತಿಗೂ ಆ ಹೆಸರು ಹೇಳಲು ಬಂದಿರಲಿಲ್ಲ. ನಿನ್ನ ಮೊಮ್ಮಕ್ಕಳು ಎಲ್ಲಿದ್ದಾರೆ ಎಂದು ಅಷ್ಟು ದುಃಖದಿಂದ ಕೇಳಿದ್ದಳಲ್ಲ, ಅವರು ಇಲ್ಲೇ ಬೆಲ್ಲದ ವ್ಯಾಪಾರ ಮಾಡಿಕೊಂಡು ಗಟ್ಟಿಮುಟ್ಟಾಗಿದ್ದರು. ಒತ್ತಿ ಹಚ್ಚಿದ ಮೂಗು: ಕಾಕಾ, ಐಶ್ವರ್ಯಾ, ತೀರಿಹೋದ ಅಪ್ಪ, ಎಲ್ಲರಿಗೂ ಅದೇ. ಮನೆಯಲ್ಲಿ ಮೊನಚು ಮೂಗಿನವರು ಇಬ್ಬರೇ, ಗೋಡೆಯ ಮೇಲಿನವನು ಮತ್ತು ತಾನು. ಇಬ್ಬರೂ ಈ ಮನೆಯವರಲ್ಲ. ಇಷ್ಟು ವರ್ಷ ಗಂಟು ಕಟ್ಟಿ ಇಟ್ಟದ್ದನ್ನು ಬಿಚ್ಚಿ ನೋಡಿದರೆ ಏನೂ ಇರಲಿಲ್ಲ. ಈಗ ಕಾಕಾ ಬರುತ್ತಾನೆ. ಅವನಿಗೆ ಹೇಳಿದರೆ ಮುತ್ಯಾನ ಮೂಗು ನೋಡಿರಿ ಎಂದು ಯಾರಿಗೂ ಇನ್ನು ತೋರಿಸಲಾರ. ಹೇಳದಿದ್ದರೆ ಆ ಬರಿಗಾಲಿನ ಮನುಷ್ಯನನ್ನು, ಸಾಹೇಬನೂ ಬಿಟ್ಟ, ಹೆಂಡತಿಯೂ ಬಿಟ್ಟ ಮುತ್ಯಾನನ್ನು, ತಾನೂ ಬಿಟ್ಟಂತೆ. ಸುಮ್ಮನಿದ್ದುಬಿಡೋಣ ಎಂದೇ ಅವಳಿಗೆ ಮೊದಲು ಅನ್ನಿಸಿತು, ಅದಕ್ಕೆ ನಾಚಿಕೆಯೂ ಆಯಿತು. ಹೀಗೆಲ್ಲ ಆಗುತ್ತಿರುವಾಗ ಒಂದು ಸಂಗತಿ ತಡವಾಗಿ ಹೊಳೆಯಿತು. ಅವಳು ಎದ್ದು ಹೋಗಿ ಕ್ಯಾಮೆರಾ ಆರಿಸಿ ಬಂದು, ಆಯಿಯ ಮೊಣಕಾಲಿಗೆ ತಾಗಿ ಕುಳಿತಳು.

"ಆಯಿ, ನನ್ನ ತಂದ ದಿನ ನಿನಗ ಇದು ಗೊತ್ತಿತ್ತಲ್ಲ? ಇಂವಾ ಮುತ್ಯಾ ಅಲ್ಲಂತ."

"ಗೊತ್ತಿಲ್ಲದ ಏನ. ಎಲ್ಲಾರೂ ಯಾರ್ದೋ ಕೂಸು, ಯಾರ್ದೋ ಕೂಸು ಅನ್ನಾಕತ್ತಿದ್ರು. ನಾ ಗ್ವಾಡಿ ಕಡೆ ನೋಡಿದ್ನಿ. ಇಂವಾ ಯಾರ ಮಗನೋ ಏನೋ, ದಿನಾ ನಮ್ಮ ಕೈಲೆ ಹೂವ ಏರಿಸ್ಕೊಂತ ಕುಂತಿದ್ದ. ಇಂವಗ ಜಾಗಾ ಐತಿ, ಕೂಸಿಗೆ ಇಲ್ಲೇನ ಅನಸ್ತು."

"ಮೂಗರೆ ಖರೇನ ಹಂಗ ಇತ್ತೇನ?"

"ಎಲ್ಲಿ ಹಂಗ. ಹಿಟ್ಟಿನ ಮುದ್ದಿ ಇದ್ದಂಗ ಇತ್ತ. ಹೇಳಿ ಬಿಟ್ಟಿದ್ನಲ್ಲ, ಮತ್ತೇನ ಮಾಡ್ಲಿ? ನೀರ ಎರಿಯೂ ಮುಂದ ಎಣ್ಣಿ ಹಚ್ಚಿ, ಗ್ವಾಡಿ ನೋಡಕೋತ ದಿನಾ ತಿದ್ದಿದ್ನಿ."

ಹೇಳಿ, ಎಣ್ಣೆಯ ಕೈಯೇ ಎಂಬಂತೆ, ಎರಡು ಬೆರಳಿನಿಂದ ನೇತ್ರಾಳ ಮೂಗನ್ನು ಮೇಲಿಂದ ಕೆಳಗೆ ಒಮ್ಮೆ ನೀವಿ, ತನ್ನ ಕೆಲಸ ಕೆಟ್ಟಿಲ್ಲವೆಂದು ಖಾತ್ರಿ ಮಾಡಿಕೊಂಡು ಮತ್ತೆ ಶೇಂಗಾಕ್ಕೆ ಕೈ ಹಾಕಿದಳು. ನೇತ್ರಾ ಅತ್ತಳು. ನಗುತ್ತಲೇ ಅತ್ತಳು. ಬಚ್ಚಲಿನ ಹೊಗೆ, ಬಿಸಿನೀರು, ನೀಳ ಚಾಚಿದ ಕಾಲುಗಳ ಮೇಲೆ ಅಂಗಾತ ಮಲಗಿದ ತಾನು, ಪಡಸಾಲೆಯ ಗೋಡೆಯತ್ತ ಕತ್ತು ಚಾಚಿ ನೋಡುತ್ತ ಮೂಗು ತಿದ್ದುವ ಆಯಿ, ಇವೆಲ್ಲ ಅವಳಿಗೆ ನೆನಪಾದವು. ಅಷ್ಟು ಚಿಕ್ಕ ಕೂಸಿಗೆ ನೆನಪಿರುವುದು ಸಾಧ್ಯವಿಲ್ಲವೆಂದು ಗೊತ್ತಿದ್ದರೂ ನೆನಪಾದವು.

ಕಾಕಾ ಬರುವಷ್ಟರಲ್ಲಿ ಮುಖ ತೊಳೆದುಕೊಂಡಿದ್ದಳು. ಅವನ ಕಾಲಿಗೆಲ್ಲ ಸಿಮೆಂಟು ಮೆತ್ತಿತ್ತು. ಬಂದವನೇ ಲ್ಯಾಪ್‌ಟಾಪಿನ ಮುಂದೆ ಕುಕ್ಕರುಗಾಲಲ್ಲಿ ಕುಳಿತು, ತೋರಿಸಿದಳೇನು ಎಂದು ಆಯಿಯನ್ನು ಕೇಳಿದ. ಆಯಿ ನನ್ನ ಕಣ್ಣಿಗೇನು ಕಾಣುತ್ತದೆ, ಓದಿದವಳು ಇದ್ದಾಳಲ್ಲ, ಅವಳೇ ತೋರಿಸಲಿ ಎಂದಳು. ತಪ್ಪಿಸಿಕೊಂಡಳೋ, ಬಿಟ್ಟುಕೊಟ್ಟಳೋ ತಿಳಿಯಲಿಲ್ಲ. ನೇತ್ರಾ ಬೆರಳೆತ್ತಿದಳು. ಪರದೆಯ ಮೇಲೆ ಕುರ್ಚಿ ಹತ್ತಿರದಲ್ಲೇ ಇತ್ತು. ಒಂದು ಗಳಿಗೆ ಹಿಂದಾಗಿದ್ದರೆ ಬೆರಳು ಖಂಡಿತ ಅಲ್ಲೇ ಬೀಳುತ್ತಿತ್ತು. ಅವಳು ಅದನ್ನು ದಾಟಿಸಿ ಛತ್ರಿ ಹಿಡಿದವನ ಮೇಲೆ ಒಯ್ದು ಇಟ್ಟಳು.

"ಕಾಕಾ, ಇವರು ಮುತ್ಯಾ."

ಆಮೇಲೆ ಎಲ್ಲವನ್ನೂ ಹೇಳಿದಳು, ಆಯಿಯ ಅತ್ತೆಯ ಬೆರಳು, ಪೊರೆ ಬಂದ ಭಾವ, ಹಿಟ್ಟಿನ ಡಬ್ಬಿ. ಕಾಕಾ ನಗಲಿಲ್ಲ. ಅವನ ಕಿವಿ ಕೆಂಪಗಾಯಿತು. ಬಾಗಿಲಲ್ಲಿ ಛತ್ರಿ ಹಿಡಿದವನನ್ನು ನಿಲ್ಲಿಸಿದರೆ ಬಂದ ಬೀಗರು ಏನಂದಾರು ಎಂದ. ಮದುವೆಗೆ ಬಂದವರಿಗೆ ನೆರಳು ಹಿಡಿದಂತೆ ಆಗುತ್ತದೆ, ಅದರಲ್ಲೇನು ತಪ್ಪು ಎಂದಳು ಆಯಿ, ಶೇಂಗಾದಿಂದ ತಲೆಯೆತ್ತದೆ. ಪರದೆಯ ಮೇಲೆ ಛತ್ರಿಯ ನೆರಳಿನಲ್ಲಿ ಮಸುಕಾಗಿದ್ದ ಆ ದುಂಡು ಮುಖವನ್ನು ನೋಡುತ್ತ ನೋಡುತ್ತ ಕಾಕಾನ ಕೈ ತಾನಾಗಿಯೇ ತನ್ನ ಮೂಗಿನ ಮೇಲೆ ಹೋಯಿತು. ಅಗಲ ಮೂಗು, ಅಗಲ ಹೊಳ್ಳೆ. ಅಪ್ಪನ ಹಂಗ ಐತಿ ಎಂದು ಮೆಲ್ಲಗೆ ಅಂದುಕೊಂಡ. ಅವನ ದನಿಯಲ್ಲಿ ಅಂಥ ಮೆತ್ತಗಿನದನ್ನು ನೇತ್ರಾ ಅದುವರೆಗೆ ಕೇಳಿರಲಿಲ್ಲ. ಅವನು ಎದ್ದು ಗೋಡೆಯ ಹತ್ತಿರ ಹೋಗಿ ನಿಂತ. ಕೆಂಪು ತುಟಿಯ, ವಿಭೂತಿಯ, ಮೊನಚು ಮೂಗಿನ ಆ ಮನುಷ್ಯನನ್ನು ಮೊದಲ ಸಲ ಕಾಣುವವನಂತೆ ನೋಡಿದ.

"ಹಂಗಾರ ಇಂವನ್ನ ಇಳಸೂದೇನ?"

ಯಾರನ್ನು ಕೇಳಿದನೋ. ಆಯಿಯ ಕೈ ನಿಂತಿತು. ಆಯಿ ಏನೇ ಹೇಳಿರಲಿ, ಎಷ್ಟೇ ತಿದ್ದಿರಲಿ, ಇಳಿಸುವ ಕೈ ಕಾಕಾನದು. ಅವನು ಫೋಟೋದ ಮೇಲಿನ ಒಣಗಿದ ಹೂವೊಂದನ್ನು ತೆಗೆದ, ಕಟ್ಟಿನ ಧೂಳನ್ನು ಅಂಗಿಯ ತೋಳಿನಿಂದ ಒರೆಸಿದ, ತಿರುಗಿ ನೇತ್ರಾಳ ಮುಖ ನೋಡಿದ. ಎಂದಿನಂತೆ ಮೂಗನ್ನೇ ನೋಡಿದ.

"ಇಷ್ಟ ವರ್ಷ ಇದ್ದಾಂವನ್ನ ಎಲ್ಲಿಗೆ ಕಳಸೂಣು? ಬಾಜೂಕ ಇನ್ನೊಂದ ಮೊಳಿ ಹೊಡದ್ರಾತು. ನೇತ್ರವ್ವಾ, ಸುತ್ತಿಗಿ ತಾ."

ಫೋಟೋ ಇನ್ನೂ ಮಾಡಿಸಬೇಕು, ಕಟ್ಟು ಹಾಕಿಸಬೇಕು, ಈಗಲೇ ಮೊಳೆಗೆ ಏನವಸರ ಎಂದು ಆಯಿ ಗೊಣಗುತ್ತಿದ್ದಳು. ನೇತ್ರಾ ಆಗಲೇ ಎದ್ದಿದ್ದಳು. ಹಿತ್ತಿಲ ಬಾಗಿಲಿನ ಹಿಂದೆ, ಜೋಳದ ಚೀಲದ ಸಂದಿಯಲ್ಲಿ, ಹಿಡಿಕೆ ಮುರಿದು ತಂತಿ ಸುತ್ತಿದ ಸುತ್ತಿಗೆ ಇತ್ತು. ಅದು ಎಲ್ಲಿರುತ್ತದೆಂದು ಈ ಮನೆಯಲ್ಲಿ ಅವಳು ಯಾರನ್ನೂ ಕೇಳಬೇಕಾಗಿರಲಿಲ್ಲ.